ಎರಡು ಕಲ್ಯಾಣ, ಎರಡು ಹುಮನಾಬಾದ, ಒಬ್ಬ ಹೊರಗಿನವ

ಪ್ರೀತಿಯ ಕಾಕಾ,

ಹುಮನಾಬಾದಿನ ಸಾವ್ಕಾರರ ಗೋದಾಮಿನ ಬಾಗಿಲಲ್ಲಿ ಖಾಲಿ ಚೀಲಗಳ ಮೇಲೆ ಕುಳಿತು ಬರೆಯುತ್ತಿದ್ದೇನೆ. ಒಳಗೆ ಹುಡುಗರು ಒದ್ದೆ ಗೋಣಿತಾಟಿನಿಂದ ನೆಲ ಒರೆಸುತ್ತಿದ್ದಾರೆ. ಎಷ್ಟು ಒರೆಸಿದರೂ ತೊಗರಿಯ ಹೊಟ್ಟು ಮೂಲೆಯಿಂದ ಎದ್ದು ಬರುವುದು ನಿನಗೆ ಗೊತ್ತೇ ಇದೆ. ಸಂಜೆ ಜಹೀರಾಬಾದಿನವರ ಜೊತೆ ಆಟ. ಗೆಲ್ಲಬೇಕೆಂದೇನೂ ಇಲ್ಲ, ಸಮ ಮಾಡಿಕೊಂಡರೂ ಲೀಗಿನಲ್ಲಿ ಉಳಿಯುತ್ತೇವೆ. ಸೋತರೆ ನೀನು ಎರಡೂ ಊರು ಕೂಡಿಸಿ ಕಟ್ಟಿದ ಫುಟ್‌ಬಾಲ್ ತಂಡ, ಈ ಜೋಡಿ ಎಕ್ಸ್‌ಪ್ರೆಸ್, ಇವತ್ತಿಗೆ ಮುಗಿಯಿತು. ಇದು ಸಾಲದೆಂದು, ನಿನ್ನ ಮಗ ಮಹೇಶ ಬರುತ್ತಾನೋ ಇಲ್ಲವೋ ಎಂಬುದೂ ಗೊತ್ತಿಲ್ಲ.

ನೀನು ಮೊದಲ ಸಲ ಈ ಗೋದಾಮು ತೋರಿಸಿದ ದಿನ ನೆನಪಿದೆಯೇ? ತೊಗರಿಯೆಲ್ಲ ಮಾರಾಟವಾಗಿ ಖಾಲಿ ಬಿದ್ದಿತ್ತು, ಒಳಗೆ ಕಾಲಿಟ್ಟರೆ ಸೀನು. ನೀನು ಅಂಗಡಿಗೆ ಟೈರು ತರಲು ಹೈದರಾಬಾದಿಗೆ ಹೋದವನು, ಅಲ್ಲಿ ಯಾವುದೋ ಹಾಲಿನಲ್ಲಿ ಸೂರಿನ ಕೆಳಗೆ ಐದೈದು ಜನ ಫುಟ್‌ಬಾಲ್ ಆಡುವುದನ್ನು ನೋಡಿ ಮರುಳಾಗಿ ಬಂದಿದ್ದೆ. "ಹೊರಗ ಈ ಬಿಸಲಾಗ ಯಾರ್ ಆಡ್ತಾರ? ಇಲ್ಲಿ ನೋಡು, ನೆಳ್ಳ ಅದ, ಗ್ವಾಡಿ ಅದ, ಇನ್ನೇನ್ ಬೇಕು?" ಎಂದು ನನ್ನನ್ನೇ ಕೇಳಿದೆ. ಕಾಕು ಮಾತ್ರ, "ಟೈರ್ ಬಿಟ್ಟು ಚೆಂಡಿಗಿ ಗಾಳಿ ತುಂಬಾಕತ್ಯಾನ" ಎಂದು ಓಣಿಯೆಲ್ಲ ಹೇಳಿಕೊಂಡು ಬಂದಳು. ಆಮೇಲೆ ಬೀದರ, ಕಲಬುರಗಿ, ಲಾತೂರ, ಸೋಲಾಪುರ, ಎಲ್ಲ ಕಡೆಯ ನಿನ್ನಂಥ ಹುಚ್ಚರು ಸೇರಿ ಒಂದು ಲೀಗು ಮಾಡಿಕೊಂಡಿರಿ. ಆಡಿದವನಿಗೆ ಪಗಾರ ಸಿಗುತ್ತದೆ ಅಂದಾಗ ಹುಮನಾಬಾದ ಹತ್ತಿರದ ಹುಡಗಿ ಊರಿನ ರಾಜು ನಂಬಲೇ ಇಲ್ಲ. "ಆಡಿದ್ದಕ್ಕ ರೊಕ್ಕ ಕೊಡ್ತೀರಿ, ಬಿದ್ದದ್ದಕ್ಕ?" ಎಂದು ಕೇಳಿದ. "ಬೀಳೂದು ಫ್ರೀ" ಅಂದೆಯಲ್ಲ ನೀನು, ಅವನು ಇವತ್ತಿಗೂ ಅದನ್ನು ಹೇಳಿ ನಗುತ್ತಾನೆ.

ಮೊದಲ ಹಂಗಾಮಿನಲ್ಲೇ ಎರಡೂ ಊರಿನವರು ಕಾಲು ಕೆದರಿ ಜಗಳಕ್ಕೆ ನಿಂತದ್ದು ನೆನಪಾಗುತ್ತಿದೆ. ಹುಮನಾಬಾದಿನ ಹುಡುಗರನ್ನೇ ಆಡಿಸುತ್ತಾನೆ ಎಂದು ಬಸವಕಲ್ಯಾಣದವರು, ಹೆಂಡತಿಯ ತವರಾದ ಕಲ್ಯಾಣಕ್ಕೆ ಸೋತಿದ್ದಾನೆ ಎಂದು ಹುಮನಾಬಾದಿನವರು. ಬಸ್ ಸ್ಟ್ಯಾಂಡಿನ ಚಹಾದಂಗಡಿಯಲ್ಲಿ ಕೈಕೈ ಮಿಲಾಯಿಸುವ ತನಕ ಹೋಯಿತು. ಆಗ ನೀನು ಕಾಯ್ದೆ ಮಾಡಿದೆ. ಅಂಕಣದಲ್ಲಿ ಯಾವಾಗಲೂ ಇಬ್ಬರು ಕಲ್ಯಾಣದವರು, ಇಬ್ಬರು ಹುಮನಾಬಾದಿನವರು, ಗೋಲು ಕಾಯಲು ಎರಡೂ ಕಡೆಯವನಲ್ಲದ ಹುಲಸೂರಿನ ಜಾವೀದ. ಕಲ್ಯಾಣದವನು ಹೊರಬಂದರೆ ಕಲ್ಯಾಣದವನೇ ಒಳಗೆ. ಮೈಕಿನಲ್ಲಿ ಹೆಸರಿನ ಜೊತೆ ಊರನ್ನೂ ಕೂಗಬೇಕು. ಜಗಳ ನಿಂತಿತು, ಸುಳ್ಳು ಹೇಳಬಾರದು. ಬೇರೆ ತಂಡದವರು ನಮ್ಮನ್ನು ನೋಡಿ, "ಇವ್ರು ಫುಟ್‌ಬಾಲ್ ಆಡಾಕತ್ತಾರೋ, ಆಸ್ತಿ ಪಾಲ್ ಮಾಡಾಕತ್ತಾರೋ?" ಎಂದು ನಗುತ್ತಿದ್ದರು.

ಸೋಲಾಪುರಕ್ಕೆ ಹೋದಾಗ ಅವರಿಗೆ ನಗಲು ಇನ್ನೊಂದು ಸಿಕ್ಕಿತು. ಈ ಗೋದಾಮಿನಲ್ಲಿ ಚೆಂಡು ಗೋಡೆಗೆ ಬಡಿದು ತಿರುಗಿ ಬರುತ್ತದೆ, ಆಟ ನಿಲ್ಲುವುದಿಲ್ಲ. ಅಲ್ಲಿ ಗೋಡೆಯೇ ಇರಲಿಲ್ಲ, ಬರೀ ಗೆರೆ. ನಮ್ಮ ಹುಡುಗರು ರೂಢಿಯಂತೆ ಇಲ್ಲದ ಗೋಡೆಗೇ ಪಾಸು ಕೊಟ್ಟರು. ಪ್ರತಿ ಸಲವೂ ಚೆಂಡು ಹೋಗಿ ಪ್ರೇಕ್ಷಕರ ಮಡಿಲಿನಲ್ಲಿ ಕೂರುತ್ತಿತ್ತು. ನೀನು ತಲೆಗೆ ಟವೆಲ್ ಹೊದ್ದು ಕುಳಿತೆ. ಆದರೂ ಬಸ್ಸಿನಲ್ಲಿ ಎಲ್ಲರಿಗಿಂತ ಹೆಚ್ಚು ನಕ್ಕವನು ನೀನೇ, ನಿನ್ನ ಪಕ್ಕದಲ್ಲಿ ಕುಳಿತು ನಗುತ್ತಿದ್ದವನು ಮಹೇಶ.

ಲಾತೂರಿನ ಆಟದ ಬಗ್ಗೆ ಬರೆಯದೆ ಹೇಗೆ ಮುಂದೆ ಹೋಗಲಿ? ಆವತ್ತು ಕಲ್ಯಾಣದ ಒಬ್ಬ ಹುಡುಗ ಮೊಣಕಾಲು ಹಿಡಿದುಕೊಂಡು ಬಿದ್ದ. ಬೆಂಚಿನಲ್ಲಿ ಕಲ್ಯಾಣದವರು ಯಾರೂ ಉಳಿದಿರಲಿಲ್ಲ. ಉಳಿದವನು ಒಬ್ಬನೇ, ಮಹೇಶ. ಎದ್ದು ಶೂಸಿನ ದಾರ ಬಿಗಿದುಕೊಂಡು ನಿನ್ನ ಬೆನ್ನ ಹಿಂದೆ ನಿಂತಿದ್ದ. ಅವನನ್ನು ಇಳಿಸಿದರೆ ಹುಮನಾಬಾದಿನವರು ಮೂವರಾಗುತ್ತಾರೆ, ಅದರ ಮೇಲೆ ನಿನ್ನ ಸ್ವಂತ ಮಗ. ನೀನು ನಾಲ್ವರನ್ನೇ ಆಡಿಸಿದೆ. ಸೋತೆವು. ಊರಿನಲ್ಲಿ ಎಲ್ಲರೂ, "ಮಾತ್ ಅಂದ್ರ ಮಾತ್, ಮಗನ್ನೂ ನೋಡಲಿಲ್ಲ" ಎಂದು ನಿನ್ನನ್ನು ಹೊಗಳಿದರು. ಮಹೇಶ ಮರುದಿನದಿಂದ ಗೋದಾಮಿಗೆ ಬರಲಿಲ್ಲ. ನೀವಿಬ್ಬರೂ ಒಂದೇ ಅಂಗಡಿಯಲ್ಲಿ ಟೈರು ಬಿಚ್ಚಿದಿರಿ, ಒಂದೇ ಮನೆಯಲ್ಲಿ ಉಂಡಿರಿ, ಆಟದ ಸುದ್ದಿ ಮಾತ್ರ ಎತ್ತಲಿಲ್ಲ. ಆಮೇಲೆ ಒಂದು ದಿನ ನಿನ್ನ ಎದೆಬಡಿತ ನಿಂತುಹೋಯಿತು. ಮಾತಾಡಿಕೊಳ್ಳಲು ಸಮಯ ಬೇಕಾದಷ್ಟಿದೆ ಎಂದುಕೊಂಡಿದ್ದೆಯಾ, ಅಥವಾ...

ನೀನು ಹೋದ ಮೇಲೆ ತಂಡ ನನ್ನ ಕೊರಳಿಗೆ ಬಿತ್ತು. ಕಲ್ಯಾಣದ ಶಾಲೆಯಲ್ಲಿ ಮಕ್ಕಳಿಗೆ ಪಿ.ಟಿ. ಹೇಳಿಕೊಡುವವಳಿಗೆ ಗಡ್ಡ ಬಂದ ಗಂಡಸರ ತಂಡ! ಹುಡುಗರು ಮೊದಲು ಮುಸಿಮುಸಿ ನಕ್ಕರು, ಈಗ ಹೇಳಿದ್ದು ಕೇಳುತ್ತಾರೆ. ತೊಂದರೆ ಅದಲ್ಲ. ಹುಮನಾಬಾದಿನ ಒಬ್ಬ ಹೈದರಾಬಾದಿನ ತಂಡ ಸೇರಿದ, ಇನ್ನೊಬ್ಬನ ಕಾಲು ಪ್ಲಾಸ್ಟರಿನಲ್ಲಿದೆ. ಆ ಕಡೆಯಿಂದ ಉಳಿದವನು ರಾಜು ಒಬ್ಬನೇ. ಕಲ್ಯಾಣದ ಮೂವರನ್ನು ಇಳಿಸಲೇ ಎಂದು ಗೋದಾಮಿನ ಸಾವ್ಕಾರರನ್ನು ಕೇಳಿದೆ. "ಬಿಲ್ಕುಲ್ ಆಗಂಗಿಲ್ಲ ತಂಗಿ. ನಿಮ್ಮ ಕಾಕಾ ಮಾಡಿದ ಕಾಯ್ದೆ ಮುರದ್ರ ನನ್ನ ಗೋದಾಮ್ ನನಗ ಬಿಟ್ಟು ಕೊಡ್ರಿ" ಎಂದರು. ಗೋದಾಮು ಹೋದರೆ ಆಡುವುದೆಲ್ಲಿ?

ನಿನ್ನೆ ಹೆದ್ದಾರಿಯ ನಿನ್ನ ಟೈರಿನ ಅಂಗಡಿಗೆ ಹೋದೆ. ಮಹೇಶ ಲಾರಿಯ ಚಕ್ರದ ಮುಂದೆ ಕುಳಿತಿದ್ದ. ಲೀಗಿನ ಆಟಗಾರರ ಪಟ್ಟಿಯಲ್ಲಿ ಅವನ ಹೆಸರನ್ನು ನೀನು ಪ್ರತಿ ವರ್ಷ ಹಾಗೆಯೇ ಇರಿಸಿದ್ದೆ, ಅವನು ಆಡಬಹುದು. ಅದನ್ನೇ ಹೇಳಿದೆ. ಅವನು ನಟ್ಟು ಬಿಚ್ಚುತ್ತಲೇ ಅಂದ:

"ಆವತ್ತ ಹುಮನಾಬಾದದಾವ ಅಂತ ನಾ ಬ್ಯಾಡ ಆಗಿದ್ದೆ. ಈಗ ಹುಮನಾಬಾದದಾವ ಅಂತ ಬೇಕಾಗೀನಿ. ಹೌದಿಲ್ಲೋ ಅಕ್ಕಾ?"

ಹೌದೇ ಹೌದು.

"ಆ ಕಾಯ್ದೆ ತಗದ್ರ ಬರ್ತೀನಿ. ಮೈಕಿನ್ಯಾಗ, ಎಲ್ಲಾರ ಮುಂದ ಹೇಳಬೇಕು. ಇಲ್ಲಾಂದ್ರ ನಾಕ್ ಮಂದೀನ ಆಡ್ರಿ, ನಿಮಗ ರೂಢಿ ಅದ."

ಕಾಕಾ, ಕಾಯ್ದೆ ಇಟ್ಟುಕೊಂಡರೆ ನಿನ್ನ ಮಗನಿಲ್ಲ, ಬಹುಶಃ ತಂಡವೂ ಇಲ್ಲ. ತೆಗೆದರೆ ಸಾವ್ಕಾರರು ಬೀಗ ಜಡಿಯುತ್ತಾರೆ, ಎರಡೂ ಊರಿನವರು ಮತ್ತೆ ಚಹಾದಂಗಡಿಯಲ್ಲಿ ಬಡಿದಾಡಿಕೊಂಡರೆ? ನಿನ್ನ ಇಜ್ಜತ್ತನ್ನು ನಾನೇ ಬೀದಿಗೆ ತಂದೆ ಎಂದು ಜನ ಅಂದರೆ? ಕಾಕುವನ್ನು ಕೇಳಿದೆ. ರೊಟ್ಟಿ ಬಡಿಯುತ್ತಲೇ, "ಅವ ಇದ್ದಾಗ ನನ್ನ ಯಾರ್ ಕೇಳ್ಯಾರ, ಈಗ ಕೇಳಾಕ?" ಎಂದಳು. ಆಮೇಲೆ ಒಂದು ರೊಟ್ಟಿ ಹೊತ್ತಿಸಿದಳು, ಅವಳು ಎಂದೂ ಹೊತ್ತಿಸುವವಳಲ್ಲ. ಜಹೀರಾಬಾದಿನವರ ಗಾಡಿ ಬಂದಂತಿದೆ. ಉಳಿದದ್ದು ಆಮೇಲೆ ಬರೆಯುತ್ತೇನೆ.

ಕಾಕಾ, ಇದು ಮರುದಿನ ಬೆಳಿಗ್ಗೆ. ಕಲ್ಯಾಣದ ಬಸ್ಸಿನಲ್ಲಿದ್ದೇನೆ. ನಾನು ಮೈಕು ಹಿಡಿದಾಗ ಮಹೇಶ ಇನ್ನೂ ಬಂದಿರಲಿಲ್ಲ. ಬಂದ ಮೇಲೆ ಹೇಳಿದರೆ ವ್ಯಾಪಾರವಾಗುತ್ತದೆ ಅನಿಸಿತು. "ಇವತ್ತಿನಿಂದ ಊರಿನ ಲೆಕ್ಕ ಇಲ್ಲ. ಯಾರು ಬೇಕೋ ಅವರು ಇಳೀತಾರ" ಎಂದೆ. ಧ್ವನಿ ಒಡೆದು ಅರ್ಧ ಮಾತು ಕೇಳಿಸಲೇ ಇಲ್ಲವಂತೆ. ಯಾರೂ ಚಪ್ಪಾಳೆ ತಟ್ಟಲಿಲ್ಲ. ಸಾವ್ಕಾರರು, "ನಿಮ್ಮ ಕಾಕಾ ಇದ್ದಿದ್ರ ಹಿಂಗ ಆಗ್ತಿದ್ದಿಲ್ಲ" ಎಂದು ಎದ್ದು ಹೊರಗೆ ಹೋದರು. ಕಲ್ಯಾಣದ ಮೂವರನ್ನು, ರಾಜುವನ್ನು, ಜಾವೀದನನ್ನು ಇಳಿಸಿದೆ. ಎರಡು ಗೋಲು ತಿಂದೆವು. ನನ್ನ ಕಿವಿಯಲ್ಲಿ ನಿನ್ನ ಬೈಗುಳವೇ.

ವಿರಾಮದ ಹೊತ್ತಿಗೆ ಗುಂಪಿನ ಹಿಂದೆ ಯಾರೋ ಪ್ಯಾಂಟಿಗೆ ಗ್ರೀಸಿನ ಕೈ ಒರೆಸಿಕೊಳ್ಳುತ್ತಿರುವುದು ಕಂಡಿತು. ಮಹೇಶ! ಬಂದು ಎಷ್ಟು ಹೊತ್ತಾಗಿತ್ತೋ! ಕಲ್ಯಾಣದ ಸಂಗಮೇಶ ಏದುಸಿರು ಬಿಡುತ್ತ ಬೆಂಚಿನತ್ತ ನೋಡುತ್ತಿದ್ದ. ಅವನ ಜಾಗಕ್ಕೆ ಮಹೇಶನನ್ನು ಇಳಿಸಿದೆ. ನಿನ್ನ ಮಗ ದಪ್ಪ ಆಗಿದ್ದಾನೆ ಕಾಕಾ. ಒಂದು ಸಲ ಜಾರಿ ಬಿದ್ದ, ಒಂದೂ ಗೋಲು ಹೊಡೆಯಲಿಲ್ಲ. ಆದರೆ ಅವನ ಪಾಸಿಗೆ ರಾಜು ಎರಡು ಹೊಡೆದ, ಆಟ ಸಮ ಆಯಿತು. ಸಾವ್ಕಾರರು ಅದು ಯಾವಾಗಲೋ ಒಳಗೆ ಬಂದು ಜನರನ್ನು ನೂಕಿಕೊಂಡು ಮುಂದೆ ನಿಂತಿದ್ದರು. ಬೀಗದ ಮಾತು ಇನ್ನೂ ಎತ್ತಿಲ್ಲ, ನಾಳೆ ಎತ್ತುತ್ತಾರೋ ಏನೋ, ನನಗೆ ಆ ಹೆದರಿಕೆ ಹೋಗಿಲ್ಲ.

ಎಲ್ಲರೂ ಹೋದ ಮೇಲೆ ಮಹೇಶ ಗೋಡೆಗೆ ಒರಗಿ ಕುಳಿತ. ಶೂಸಿನ ದಾರ ಬಿಚ್ಚುತ್ತ ಕೇಳಿದ: "ಲಾತೂರದಾಗ ನೀ ಅಪ್ಪನ ಬಾಜೂಕ ಕುಂತಿದ್ದಿ. ಅಂವ ಒಮ್ಮಿಯಾರ ನನ್ನ ಕಡಿ ಹೊಳ್ಳಿ ನೋಡಿದ್ನೇನು?"

ಯಾರಿಗೂ ಹೇಳಬೇಡ ಎಂದು ನೀನು ಆವತ್ತು ಬಸ್ಸಿನಲ್ಲಿ ನನ್ನ ಕೈ ಹಿಡಿದು ಆಣೆ ಹಾಕಿಸಿಕೊಂಡಿದ್ದೆ. ಕ್ಷಮಿಸು, ಹೇಳಿಬಿಟ್ಟೆ. ನೀನು ಹೊರಳಿ ನೋಡಲಿಲ್ಲ ಎಂದು ಅವನಿಗೆ ಹೇಳಿದೆ. ಆದರೆ ಆ ಹುಡುಗ ಬಿದ್ದ ಕೂಡಲೇ ನೀನು ಅರ್ಧ ಎದ್ದು, ಮುಂದೆಯೇ ನೋಡುತ್ತ, ಸಣ್ಣ ದನಿಯಲ್ಲಿ "ಮಹೇ" ಎಂದು ಅರ್ಧಕ್ಕೆ ನಿಲ್ಲಿಸಿದೆ, ನನಗೆ ಮಾತ್ರ ಕೇಳಿಸಿತು, ಆಮೇಲೆ ಬಾಯಿಗೆ ಟವೆಲ್ ಒತ್ತಿಕೊಂಡು ಕುಳಿತೆ ಎಂದೂ ಹೇಳಿದೆ.

ಮಹೇಶ ನೆಲ ನೋಡುತ್ತ ಕುಳಿತಿದ್ದ. "ಹಂಗಾರ ಕರೀಬೇಕಂತ ಇದ್ದ" ಅಂದ. ಆಮೇಲೆ ನನಗಲ್ಲ, ತನಗೇ ಇನ್ನೊಮ್ಮೆ ಹೇಳಿಕೊಂಡ, "ಅಪ್ಪ ನನ್ನ ಕರೀಬೇಕಂತ ಇದ್ದ."

ನಿನ್ನ
ರತ್ನಾ