ಎರವಲು ತಂದ ಕೆಮ್ಮು

ಮನೆಯಿಂದ, ಅಡುಗೆಮನೆಯ ಮೇಜಿನ ಮೇಲೆ
ಮಾರ್ಚ್ ೯, ಭಾನುವಾರ ಬೆಳಿಗ್ಗೆ

ಪ್ರೀತಿಯ ಅತ್ತೆ,

ಮಂಡಿನೋವು ಹೇಗಿದೆ? ಕಣ್ಣಿಗೆ ಹನಿ ಹಾಕಲು ಅತ್ತಿಗೆಗೆ ನೆನಪಿಸುತ್ತೀರಿ ತಾನೆ? ನಿಮ್ಮ ಮಗ ಹೋದ ಮೇಲೆ ಈ ಮನೆಯಲ್ಲಿರಲಾರೆ ಎಂದು ನೀವು ಮಗಳ ಮನೆಗೆ ಹೊರಟಾಗ ನಾನು ತಡೆಯಲಿಲ್ಲ. ನಾನು ಹೊತ್ತಿಗೆ ಸರಿಯಾಗಿ ಉಣ್ಣುತ್ತಿದ್ದೇನೆ, ಚಿಂತೆ ಬೇಡ.

ದೀಪಸ್ತಂಭದ ಸಿನಿಮಾ ನೆನಪಿದೆಯಲ್ಲ? ಪರಭಾಷೆಯದು, ಅದರ ಮುದುಕ ಕಾವಲುಗಾರನಿಗೆ ನಮ್ಮ ಭಾಷೆಯಲ್ಲಿ ದನಿ ಕೊಟ್ಟಿದ್ದು ಇವರು. ವಾರವೆಲ್ಲ ಬಚ್ಚಲಲ್ಲಿ ಕೆಮ್ಮಿ ಕೆಮ್ಮಿ ಅಭ್ಯಾಸ ಮಾಡಿ, "ಅಮ್ಮಾ, ಅಪ್ಪನ ಕೆಮ್ಮನ್ನೇ ಎರವಲು ತಂದಿದ್ದೀನಿ" ಎಂದಿದ್ದರು. "ಹೋದವರ ಕೆಮ್ಮನ್ನೂ ಬಿಡಲ್ವಲ್ಲೋ ನೀನು!" ಎಂದು ಗದರಿದ ನೀವೇ ಆಮೇಲೆ ಬಾಯಿಗೆ ಕೈ ಅಡ್ಡ ಇಟ್ಟು ನಕ್ಕಿದ್ದಿರಿ. ಆ ದನಿ ಮತ್ತೆ ಕೇಳಬೇಕು ಅನ್ನಿಸಿತು.

ಪಕ್ಕದ ಮನೆಯ ದರ್ಜಿ ತನ್ನ ಬಳಿ ಆ ಸಿನಿಮಾ ಇದೆಯೆಂದು ಪೆನ್‌ಡ್ರೈವ್ ಕೊಟ್ಟ. ಫೈಲಿನ ಹೆಸರು ನೋಡಿದರೆ ಗೂಡ್ಸ್ ರೈಲು: ಸಿನಿಮಾ ಹೆಸರು, ಇಸವಿ, ೧೦೮೦ಪಿ, ವೆಬ್‌ರಿಪ್, ಎಕ್ಸ್೨೬೪, ಇಸಬ್, ನಡುನಡುವೆ ಚುಕ್ಕೆ. ಏನಿದೆಲ್ಲ ಎಂದು ತಲೆಗೆ ಹುಳ ಹೊಕ್ಕಿತು. ಮೊಬೈಲ್ ರಿಪೇರಿ ಅಂಗಡಿಯಾಕೆ ಒಂದೊಂದೇ ಬಿಡಿಸಿದಳು. ೧೦೮೦ ಎಂದರೆ ಚಿತ್ರ ಎಷ್ಟು ಸ್ಪಷ್ಟ ಎಂಬುದು. ಎಕ್ಸ್೨೬೪ ಎಂದರೆ ದೊಡ್ಡ ಫೈಲನ್ನು ಮಡಚಿ ಚಿಕ್ಕದು ಮಾಡುವ ಬಗೆ. ಇಸಬ್ ಎಂದರೆ ಕೆಳಗೆ ಇಂಗ್ಲಿಷ್ ಸಾಲು. ಕ್ಯಾಮ್ ಎಂದಿದ್ದರೆ ಥಿಯೇಟರಿನಲ್ಲಿ ಕದ್ದು ಹಿಡಿದದ್ದು, "ಮುಂದಿನ ಸಾಲಿನವರ ತಲೆಗಳು ಬಿಟ್ಟಿ!" ವೆಬ್‌ರಿಪ್? "ದುಡ್ಡು ಕೊಟ್ಟು ನೋಡೋ ಕಡೆಯಿಂದ ಎತ್ತಿದ್ದು ಅಕ್ಕಾ. ಕಳ್ಳಮಾಲು ಅಂತ ಹಣೆ ಮೇಲೇ ಬರ್ಕೊಂಡಿದೆ." ಹಾಕಿ ನೋಡಿದರೆ ನಮ್ಮ ಭಾಷೆಯೇ ಇಲ್ಲ. ಕದ್ದವರು ಇವರ ದನಿಯನ್ನೇ ಬಿಟ್ಟು ಕದ್ದಿದ್ದರು! ಸಿಟ್ಟೂ ಬಂತು, ನಗುವೂ ಬಂತು.

ಪೆನ್‌ಡ್ರೈವ್ ವಾಪಸ್ ಕೊಟ್ಟಾಗ ದರ್ಜಿ, "ಬಿಟ್ಟಿ ಸಿಕ್ಕಿದ್ದು ಬೇಡ್ವಾ?" ಎಂದ. ಇವರಿದ್ದಿದ್ದರೆ "ನೀನು ಹೊಲಿದ ಅಂಗಿ ಬಿಟ್ಟಿ ಕೊಡ್ತೀಯೇನಪ್ಪಾ?" ಎನ್ನುತ್ತಿದ್ದರು. ನಾನು ಮತ್ತೆ ರಿಪೇರಿ ಅಂಗಡಿಗೇ ಹೋದೆ.

ಯಾವ ಸಿನಿಮಾವನ್ನು ಯಾರು ಹಕ್ಕು ಪಡೆದು ತೋರಿಸುತ್ತಾರೆ ಎಂದು ತಿಳಿಸುವ ಜಾಲತಾಣವೇ ಇದೆಯಂತೆ. ಹುಡುಕುವುದನ್ನೂ ಅಂಗಡಿಯಾಕೆಯೇ ಕಲಿಸಿದಳು. ಗ್ರಂಥಾಲಯದಲ್ಲಿ ಡಿಸ್ಕ್ ಇತ್ತು, ಅದರಲ್ಲೂ ನಮ್ಮ ಭಾಷೆ ಇಲ್ಲ. ಕೊನೆಗೆ ಜಾಲದಲ್ಲೇ ಸಿನಿಮಾ ಬಾಡಿಗೆಗೆ ಕೊಡುವ ಒಂದು ಕಡೆ ಸಿಕ್ಕಿತು. ಭಾಷೆಗಳ ಸಾಲಿನ ತುದಿಯಲ್ಲಿ ನಮ್ಮದು ಇದೆ ಅತ್ತೆ!

ಅತ್ತಿಗೆಗೂ ಮಕ್ಕಳಿಗೂ ನನ್ನ ನೆನಪು ಹೇಳಿ. ನಿಮಗೆ ನಮಸ್ಕಾರಗಳು.

ನಿಮ್ಮ ಸೊಸೆ

ಬರೆಯಲು ಮರೆತೆ: ಬಾಡಿಗೆ ಕಟ್ಟಿದ್ದೇನೆ. ಒಂದು ತಿಂಗಳು ಕಾಯಬಹುದು, ಆದರೆ ಒಮ್ಮೆ ಶುರು ಮಾಡಿದರೆ ಎರಡೇ ದಿನಕ್ಕೆ ಮುಚ್ಚಿಹೋಗುತ್ತದಂತೆ. ನಾನಿನ್ನೂ ಶುರುವಿನ ಗುಂಡಿ ಒತ್ತಿಲ್ಲ. ಒಬ್ಬಳೇ ಕೇಳಲು ಧೈರ್ಯ ಸಾಲದು. ಕಣ್ಣು ಕಾಣದಿದ್ದರೂ ಪರವಾಗಿಲ್ಲ ಅತ್ತೆ, ನನ್ನ ಪಕ್ಕದಲ್ಲಿ ಕೂತರೆ ಸಾಕು. ಬನ್ನಿ.