ಬಟ್ಟೆ ಓಣಿಯ ಕಿಂಡಿಗಳನ್ನು ನಾವು ಹೊಲಿಯುವುದಿಲ್ಲ

ಮುಳುಗಡೆಯ ಜನರಿಗೆ ನಿವೇಶನ ಹಂಚುವ ಅಧಿಕಾರಿಗಳೇ,

ಮಾನ್ಯರೇ ಎನ್ನಬೇಕಂತೆ, ಅಂದಿದ್ದೇನೆ. ನಿಮ್ಮ ಆದೇಶ ತಲುಪಿದೆ. ಸೋಮವಾರ ಮಂತ್ರಿಗಳು ಬರುವ ಮುನ್ನ ನಾವು ಬಯಲಲ್ಲಿ ಹಳೇ ಸೀರೆಗಳಿಂದ ಕಟ್ಟಿದ ಬಟ್ಟೆ ಓಣಿಯ ಗೋಡೆಗಳಲ್ಲಿರುವ 'ಅನಧಿಕೃತ ರಂಧ್ರ'ಗಳನ್ನು ಹೊಲಿದು ಮುಚ್ಚಬೇಕು, ಇಲ್ಲವಾದರೆ ಬಟ್ಟೆಯೆಲ್ಲ ಜಪ್ತಿ. ಪೊಲೀಸರು ಆಗಲೇ ಬಯಲಿಗೆ ಬಂದು ನಿಂತಿದ್ದಾರೆ. ಹಳೇ ಸೀರೆಗೆ ಲಾಠಿಯ ಕಾವಲು! ಇಷ್ಟು ಭಯವೇ ಸರ್ಕಾರಕ್ಕೆ?

ಇದು ಬಹಿರಂಗ ಪತ್ರ, ಓದುಗರಿಗೂ ವಿಷಯ ತಿಳಿಯಲಿ. ಅಣೆಕಟ್ಟಿನ ಹಿನ್ನೀರಿನ ಪಾಲಾಗಲಿರುವ ಹಳೇ ಬಾಗಲಕೋಟೆಯಲ್ಲಿ ನಮ್ಮ ಮನೆಗೂ ಜಾಫರಸಾಬರ ಮನೆಗೂ ನಡುವೆ ಒಂದೇ ಗೋಡೆ. ಅದರಲ್ಲಿ ಕೈ ಹಿಡಿಸುವಷ್ಟು ಕಿಂಡಿ. ಓಣಿಯುದ್ದಕ್ಕೂ ಹೀಗೆಯೇ. ಕೆಂಡ, ಪಲ್ಯ, ಬೈಗುಳ ಎಲ್ಲ ಅದರಲ್ಲೇ ಹಾಯುತ್ತವೆ. ಜಾಫರಸಾಬರ ಮಗಳು ಶಹರಬಾನು ಚಿತ್ರಕಲೆ ಕಲಿತವಳು. ಮುಳುಗುವ ಓಣಿಯ ಚಿತ್ರ ಬರೆದು ಚೌಕಟ್ಟು ಹಾಕಿಸಲಿಲ್ಲ. ಬಯಲಲ್ಲಿ ಬಿದಿರು ನೆಟ್ಟು, ಓಣಿಯ ಹೆಂಗಸರನ್ನು ಕೂಡಿಸಿ, ಉಟ್ಟು ಬಿಟ್ಟ ಇಳಕಲ್ ಸೀರೆಗಳಲ್ಲಿ ಓಣಿಯನ್ನೇ ಇದ್ದ ಅಳತೆಯಲ್ಲಿ ಎಬ್ಬಿಸಿದಳು. ತಂತಮ್ಮ ಗೋಡೆ ತಾವೇ ಹೊಲಿದರು. ಕಿಂಡಿಯನ್ನು ಯಾರ ಸೀರೆಯಲ್ಲಿ ಕತ್ತರಿಸಬೇಕೆಂದು ನಮ್ಮವ್ವ ಬಸಲಿಂಗವ್ವನಿಗೂ ಶಹರಬಾನುವಿನ ತಾಯಿ ಅಲೀಮಾಗೂ ಜಗಳವಾಗಿ ಮಾತೇ ನಿಂತಿತ್ತು. ನೋಡಬಂದವರು ಹೊರಗೆ ನಿಲ್ಲುವಂತಿಲ್ಲ. ಒಳಹೊಕ್ಕು ಕಿಂಡಿಯಲ್ಲಿ ಕೈ ಚಾಚಬೇಕು. ಆಚೆಯ ಕೈ ಏನನ್ನಾದರೂ ಇಡುತ್ತದೆ. "ಇದಕ್ಕ ನನ್ನ ಹೆಸರ ಹಚ್ಚಬ್ಯಾಡ್ರಿ. ಆಚಿ ಕಡೆ ಕೈ ಇಲ್ಲಂದ್ರ ಇದು ಬರೇ ಅರಿವಿ" ಎಂದಳು ಶಹರಬಾನು.

ತಾವೂ ಚಿತ್ತೈಸಿದಿರಿ, ಬೂಟಿನ ಸಮೇತ. ಕಿಂಡಿಯಿಂದ ನಮ್ಮವ್ವನ ಕೈ ಬಂತು, ರೊಟ್ಟಿಯ ಮೇಲೆ ಕೆಂಪಿಂಡಿ ಚಟ್ನಿ. "ತಗೋರಿ ಸಾಹೇಬ್ರ, ಎಷ್ಟೊತ್ತ ಹಿಡಕೊಂಡ ಕುಂಡ್ರಲಿ?" ತಾವು ಹಾವು ಕಂಡಂತೆ ಹಿಂದೆ ಸರಿದಿರಿ. ಆಗ ಅಲೀಮಾ ಕೇಳಿದಳು: "ಹೊಸಾ ಊರಾಗ ನಾನೂ ಬಸಲಿಂಗವ್ವನೂ ಬಾಜೂಕ ಇರ್ತೀವೇನ್ರಿ?" ತಮ್ಮ ಉತ್ತರ: "ಚೀಟಿ ಎತ್ತುತ್ತೇವೆ. ಪಕ್ಕದಲ್ಲಿ ಯಾರು ಎಂಬುದು ನಿಮ್ಮ ಹಣೆಬರಹ." ಮರುದಿನವೇ ಆದೇಶ! ಮಂತ್ರಿಗಳಿಗೆ ಓಣಿ ಬೇಕು, 'ಜನ ಹರ್ಷದಿಂದ ಹೊರಟಿದ್ದಾರೆ' ಎಂದು ಫೋಟೋ ತೆಗೆಸಲು. ಪ್ರಶ್ನೆ ಕೇಳುವ ಕಿಂಡಿ ಮಾತ್ರ ಬೇಡ.

ಕಿಂಡಿ ಏನು ಮಾಡುತ್ತದೆ, ಹೇಳುತ್ತೇನೆ. ತುರ್ತು ಪರಿಸ್ಥಿತಿಯಲ್ಲಿ ನನ್ನನ್ನು ಹಿಡಿಯಲು ಪೊಲೀಸರು ನಮ್ಮ ಬಾಗಿಲು ಕಾಯುತ್ತಿದ್ದರು. ನಾನು ಗೋಡೆಯಾಚೆ ಜಾಫರಸಾಬರ ಅಡುಗೆಮನೆಯಲ್ಲಿ ಕೂತು ಕಿಂಡಿಯಲ್ಲಿ ಬಂದ ನಮ್ಮವ್ವನ ರೊಟ್ಟಿಯನ್ನೇ ತಿನ್ನುತ್ತಿದ್ದೆ. "ಲೇ ಅಂದಪ್ಪಾ, ಪಲ್ಯಾಕ ಉಪ್ಪ ಇಲ್ಲಲೇ! ಪೊಲೀಸರ ಮ್ಯಾಲಿನ ಸಿಟ್ಟ ನಿಮ್ಮವ್ವ ಪಲ್ಯಾದ ಮ್ಯಾಲೆ ತೀರಿಸ್ಯಾಳ" ಎಂದು ನಗುತ್ತಿದ್ದರು ಜಾಫರಸಾಬ. ನನ್ನನ್ನು ಬಚ್ಚಿಟ್ಟ ತಪ್ಪಿಗೆ ಜೈಲಿಗೆ ಹೋಗಬೇಕಾಗಬಹುದೆಂದು ಅವರಿಗೆ ಗೊತ್ತಿತ್ತು. ಇಂಥ ನೆರೆಹೊರೆ ಯಾವ ಚೀಟಿಯಲ್ಲಿ ಬರುತ್ತದೆ, ಸ್ವಾಮಿ? ಚೀಟಿಗೆ ಪಕ್ಷಪಾತವಿಲ್ಲ ಎನ್ನುತ್ತೀರಿ. ನಿಜ, ಕಣ್ಣೂ ಇಲ್ಲ. ಪರಿಹಾರಕ್ಕೆ ನಮ್ಮ ಗೋಡೆಯ ಇಟ್ಟಿಗೆ ಅಳೆದವರಿಗೆ ಗೋಡೆಯಾಚೆಯ ಮನುಷ್ಯರು ಅಳತೆಗೆ ಸಿಗಲಿಲ್ಲವೇ?

ಇಷ್ಟು ಜನರ ದುಡಿಮೆ ಠಾಣೆಯಲ್ಲಿ ಕೊಳೆತೀತೆಂದು ನಿನ್ನೆ ಶಹರಬಾನುವೂ ಅಳುಕಿದಳು. "ಸಡ್ಲ ಹೊಲಿಗಿ ಹಾಕೂಣೇನು? ಆಮ್ಯಾಲ ಬಿಚ್ಚಿದ್ರಾತು." ತಾಯಿ ಸಿಡಿದಳು: "ಒಮ್ಮಿ ಹೊಲದ್ರ ಮುಗೀತು. ಇವ್ರು ಒಪ್ಯಾರ ಅಂತ ಬರಕೊಂಡ ಹೋಗ್ತಾರ. ಹೊಲೀಬೇಕಂದ್ರ ಸಾಹೇಬರ ಬಂದು ಹೊಲೀಲಿ, ಸೂಜಿ ನಾ ಕೊಡ್ತೇನಿ."

ಆದ್ದರಿಂದ ಇದು ಬಿನ್ನಹವಲ್ಲ, ಹಕ್ಕೊತ್ತಾಯ. ಚೀಟಿ ಎತ್ತುವ ಮೊದಲು ಘೋಷಿಸಿ: ಜೋಡಿಯಾಗಿ ಕೇಳುವ ಮನೆಗಳಿಗೆ ಹೊಸ ಊರು ನವನಗರದಲ್ಲಿ ಅಕ್ಕಪಕ್ಕದ ನಿವೇಶನ. ಇಲ್ಲವಾದರೆ ನಿಮ್ಮ ಚೀಟಿ ಡಬ್ಬಿಯೊಳಗೆ ನಮ್ಮ ಓಣಿಯ ಒಂದು ಕೈಯೂ ಇಳಿಯುವುದಿಲ್ಲ. ಜಪ್ತಿಗೆ ಬರುವುದಿದ್ದರೆ ಬನ್ನಿ. ಪ್ರತಿ ಗೋಡೆಯ ಎರಡೂ ಬದಿಗೆ ಹೆಂಗಸರು ಕೂತಿದ್ದಾರೆ. ನೀವು ಬಟ್ಟೆ ಕಿತ್ತೊಯ್ದ ಮೇಲೂ ಅವರು ಎದುರುಬದುರೇ ಕೂತಿರುತ್ತಾರೆ, ನಡುವೆ ಗೋಡೆಯೇ ಇರದೆ.

ಇಂತಿ,
ವಿಧೇಯ ಎಂದು ಬರೆಯಲು ಕೈ ಬಾರದ,
ಬಸಲಿಂಗವ್ವನ ಮಗ ಅಂದಪ್ಪ
ಹಳೇ ಬಾಗಲಕೋಟೆ, ನೀರು ಬರುವವರೆಗೆ