ಭಾವ ರುಜು ಹಾಕಿದ ಕಾಗದ

ಯಶವಂತಪುರ
ಮಂಗಳವಾರ, 3ನೇ ಮಾರ್ಚ್ 1964

ಅಕ್ಕ ಕೃಷ್ಣಮ್ಮನಿಗೆ, ತಂಗಿ ಗಂಗರತ್ನಳ ನಮಸ್ಕಾರ.

ಈ ಮಾತನ್ನು ಹೇಳದೆಯೇ ಇದ್ದುಬಿಡುವವಳಿದ್ದೆ. ಮೊನ್ನೆ ಭಾನುವಾರ ಹೆಬ್ಬಾಳಕ್ಕೆ ಬಂದದ್ದು ಇದಕ್ಕಾಗಿಯೇ. ಊಟಕ್ಕೆ ಕೂತು ಮೂರು ಸಲ ಬಾಯಿ ತೆರೆದೆ, ಮೂರು ಸಲವೂ ಉಪ್ಪು ಕೇಳಿದೆ. "ಏನೇ, ಇವತ್ತು ಉಪ್ಪಿನ್ ಮೇಲೇ ಕಣ್ಣು ನಿಂಗೆ" ಎಂದು ನೀನು ನಕ್ಕೆ. ಅದಕ್ಕೇ ಒಂದು ಗಂಟೆಯ ದಾರಿಗೆ ಟಪಾಲು ಹಿಡಿದಿದ್ದೇನೆ.

ಪೆನ್ರಿತ್ ದೊರೆಯ ವಿಷಯ ಇದು. ಲಂಡನ್ನಿನಲ್ಲಿ ನಟರಾಗಿದ್ದವರು ಯುದ್ಧಕಾಲದಲ್ಲಿ ಯಲಹಂಕದ ವಿಮಾನದಳಕ್ಕೆ ಬಂದರು. ಮತ್ತೆ 1955ರಲ್ಲಿ ಬಣ್ಣದ ಪೆಟ್ಟಿಗೆ, ಟೈಪ್‌ರೈಟರು ಹೊತ್ತು ಬಂದು ನಮ್ಮಪ್ಪನ ತೋಟದ ಕೋಣೆಯಲ್ಲಿ ಮೂರು ವರ್ಷ ಇದ್ದರು. ಬೆಳಿಗ್ಗೆ ಕೆರೆಯ ಚಿತ್ರ, ಮಧ್ಯಾಹ್ನ ನಾಟಕ ಬರೆಯುವುದು, ಸಂಜೆ ಅದನ್ನೇ ಕನ್ನಡಿಯ ಮುಂದೆ ಆಡಿ ನೋಡುವುದು. "ಒಂದೇ ನೊಗಕ್ಕೆ ಮೂರ್ ಎತ್ತು ಕಟ್ಟವ್ರೆ ದೊರೆ, ಬಂಡಿ ಎತ್ತಗೋಯ್ತದೋ" ಎಂದು ಮುನಿಕೃಷ್ಣಪ್ಪ ಭಾವ ಗೇಲಿ ಮಾಡುತ್ತಿದ್ದರು. ನಿನಗೆ ಗೊತ್ತಿರುವುದನ್ನೇ ಬರೆಯುತ್ತಿದ್ದೇನೆ, ಗೊತ್ತಿಲ್ಲದ್ದನ್ನು ಆದಷ್ಟು ಮುಂದಕ್ಕೆ ತಳ್ಳಲು.

ಊರ ನಾಟಕದಲ್ಲಿ ಭಾವ ರಾಣಿಯ ವೇಷ ಹಾಕಿದ್ದನ್ನು ನೋಡಿದ ಮಾರನೆಯ ದಿನ, ದೊರೆ ಭಾವನಿಗೆ ಕೊಡ ಹೊರಿಸಿ ಕೆರೆಯ ಏರಿಯ ಮೇಲೆ ನಡೆಸಿ ಚಿತ್ರ ಬರೆದರು. ಭಾವನ ಆ ನಡಿಗೆ ನಿನ್ನದು ಅಕ್ಕ. ನೀನು ನೀರು ತರುವಾಗ ಹಿಂದೆ ಹಿಂದೆ ನಡೆದು ಕಲಿತದ್ದು.

ದೊರೆ ಹೋದ ಮೇಲೆ ಲಂಡನ್ನಿನಿಂದ ಕಾಗದಗಳು ಬರುತ್ತಿದ್ದವು. ನಿಮ್ಮ ಜಗಲಿಯ ಮೇಲೆ ಕೂತು ನಾನು ಕನ್ನಡದಲ್ಲಿ ಓದಿ ಹೇಳುತ್ತಿದ್ದೆ. ಭಾವ ಹೇಳಿದ್ದನ್ನು ಇಂಗ್ಲಿಷಿನಲ್ಲಿ ಬರೆಯುತ್ತಿದ್ದೆ. ಅವರು ನಾಲಿಗೆ ಕಚ್ಚಿಕೊಂಡು ಕೆಳಗೆ ಕನ್ನಡದಲ್ಲಿ ರುಜು ಹಾಕುತ್ತಿದ್ದರು. ನಾನು ಓದಿದ್ದೇ ಕಾಗದ, ನಾನು ಬರೆದದ್ದೇ ಉತ್ತರ.

1961ರ ಆಗಸ್ಟಿನಲ್ಲಿ ಬಂದದ್ದನ್ನು ನಾನು ಪೂರ್ತಿ ಓದಲಿಲ್ಲ. ದೊರೆ ಕ್ಷೇಮ, ಅವರ ನಾಟಕ ರಂಗಕ್ಕೆ ಬರಲಿದೆ, ಎಲ್ಲರಿಗೂ ನಮಸ್ಕಾರ ಎಂದಷ್ಟೇ ಹೇಳಿದೆ. ಉಳಿದದ್ದು ಇದು: ನಾಟಕದ ನಾಯಕ ಹೆಣ್ಣು ವೇಷ ಹಾಕುವ ಒಬ್ಬ ಹೆಬ್ಬಾಳದ ರೈತ. ಅಲ್ಲಿನ ನಟರು ಸೀರೆ ಉಟ್ಟರೆ ಜನ ನಗುತ್ತಾರೆ. ಆ ಪಾತ್ರಕ್ಕೆ ಮಾತೇ ಇಲ್ಲ, ನಡಿಗೆಯೇ ಎಲ್ಲ. ಮುನಿಕೃಷ್ಣಪ್ಪ ಆರು ತಿಂಗಳ ಮಟ್ಟಿಗೆ ಬರಲೇಬೇಕು, ಹಡಗಿನ ಏರ್ಪಾಡು ತಮ್ಮದು.

"ನನ್ ವಿಸ್ಯ ಏನೂ ಬರ್ದಿಲ್ವಾ ರತ್ನ?" ಎಂದು ಭಾವ ಕೇಳಿದರು. ಇಲ್ಲ ಎಂದೆ. "ಓಗ್ಲಿ ಬುಡು, ದೊಡ್ಡೋರು. ಚೆನ್ನಾಗಿರ್ಲಿ ಅಂತ ಬರಿ." ಸಂಸಾರ ಬಿಟ್ಟು ಬರುವ ಮನಸ್ಸಿಲ್ಲ, ಇನ್ನು ಕೇಳಬೇಡಿ ಎಂದು ಬರೆದೆ. ಭಾವ ರುಜು ಹಾಕಿ, ಶಾಯಿ ಆರಲೆಂದು ಉಫ್ ಎಂದು ಊದಿ ನನ್ನ ಕೈಗೆ ಕೊಟ್ಟರು.

ಆ ನಾಟಕದಿಂದ ದೊರೆಗೆ ಹೆಸರು ಬಂತು. ಕೆರೆಯ ಚಿತ್ರಗಳ ಪ್ರದರ್ಶನವೂ ಆಯಿತಂತೆ. ಇಲ್ಲಿ ಭಾವ ವೇಷದ ಸೀರೆಗಳನ್ನು ಟ್ರಂಕಿಗೆ ಹಾಕಿದರು. "ಅಷ್ಟು ನಡೆಸ್ದೋನೇ ಮರ್ತ. ಇನ್ ಯಾರ್ ನೋಡ್ಲಿ ಅಂತ ಬಣ್ಣ ಬಳ್ಕಳ್ಳಿ" ಎಂದರಂತೆ. ಯಾಕೋ ಇವರು ಮೊದಲಿನಂತಿಲ್ಲ ಎಂದು ನೀನು ನನ್ನ ಹತ್ತಿರವೇ ಬಂದು ಅತ್ತೆ. ಯಾಕೆಂದು ನನಗೆ ಗೊತ್ತಿತ್ತು.

ಆಗ ನೀನು ಬಸುರಿ. ನಿನಗೋಸ್ಕರ ಮುಚ್ಚಿಟ್ಟೆ ಎಂದು ಇಷ್ಟು ದಿನ ನನಗೆ ನಾನೇ ಹೇಳಿಕೊಂಡೆ.

ಈಗ ಮತ್ತೆ ಕಾಗದ ಬಂದಿದೆ, ದೊರೆ ಬರುತ್ತಿದ್ದಾರೆ. ನಾಟಕವನ್ನು ಮತ್ತೆ ಆಡಿಸುತ್ತಾರಂತೆ, ಈ ಸಲ ಭಾವನ ಉತ್ತರವನ್ನು ಭಾವನ ಬಾಯಿಂದಲೇ ಕೇಳಬೇಕಂತೆ. ಹದಿನಾಲ್ಕನೇ ತಾರೀಕು ನಿಮ್ಮ ಮನೆಗೆ ಬರುತ್ತಾರೆ. ಬಾರದೇ ಇದ್ದಿದ್ದರೆ ಇದನ್ನು ಬರೆಯುತ್ತಿದ್ದೆನೇ? ಇಲ್ಲವೆಂದೇ ಕಾಣುತ್ತದೆ. ಭಾವ ಹೋಗಲಿ, ಬಿಡಲಿ. ಯೋಚಿಸಲು ಅವರಿಗೆ ದಿನಗಳಾದರೂ ಸಿಗಲಿ.

ಆ ಹಳೆಯ ಕಾಗದವನ್ನೂ ಇದರೊಳಗೆ ಇಟ್ಟಿದ್ದೇನೆ. ನನ್ನಿಂದ ಓದಿಸಬೇಡ. ಪಶುವೈದ್ಯ ಕಾಲೇಜಿನ ಗುಮಾಸ್ತ ಮೊಯಿನುದ್ದೀನ್ ಸಾಹೇಬರಿಂದ ಓದಿಸಿಕೊಳ್ಳಿ.

ಕರೆದರೆ ಬರುವ, ಕರೆಯದಿದ್ದರೆ ಕೇಳದ
ನಿನ್ನ ತಂಗಿ
ಗಂಗರತ್ನ

ಮರೆತದ್ದಲ್ಲ, ಬಿಟ್ಟದ್ದು: ನೀನು ಬಸುರಿಯಾಗಿದ್ದದ್ದು ನಿಜ, ಅದು ಕಾರಣವಲ್ಲ. ಆ ನಾಟಕದ ಒಂದೊಂದು ಪುಟವನ್ನೂ ಟೈಪು ಮಾಡಿದವಳು ನಾನು. ನಮ್ಮೂರ ಮಾತಿಗೆ ಇಂಗ್ಲಿಷ್ ಹುಡುಕಿಕೊಟ್ಟವಳು ನಾನು. ಅಪ್ಪ ನಿನ್ನನ್ನು ನಾಲ್ಕನೇ ಕ್ಲಾಸಿಗೆ ಬಿಡಿಸಿ ನನ್ನನ್ನು ಬೆಂಗಳೂರು ದಂಡಿನ ಇಂಗ್ಲಿಷ್ ಕಾನ್ವೆಂಟಿಗೆ ಕಳಿಸಿದರಲ್ಲ, ಲಂಡನ್ನಿನಿಂದ ಕರೆ ಬಂದರೆ ಅದು ನನಗೇ ಎಂದುಕೊಂಡಿದ್ದೆ. ನಾಲ್ಕು ಪುಟದ ಆ ಕಾಗದದಲ್ಲಿ ನನಗೆಂದು ಇದ್ದದ್ದು ಒಂದೇ ಸಾಲು: ದಯವಿಟ್ಟು ಇದನ್ನು ಅವನಿಗೆ ಓದಿ ಹೇಳು.

ಮೂರು ದಿನ ಕೈಯಲ್ಲೇ ಇಟ್ಟುಕೊಂಡಿದ್ದೆ; ಇವತ್ತು ಶುಕ್ರವಾರ, ಮಾರ್ಚ್ ಆರನೇ ತಾರೀಕು, ಇದನ್ನು ಟಪಾಲಿಗೆ ಹಾಕುತ್ತೇನೆ.